ಒಂದನೇ ಆರೋಪಿಯ ವಿಮಾನಯೋಗ

ಶಾಲೆಯಲ್ಲಿ ಓಟ, ಹಾಡು, ರಂಗೋಲಿ, ಯಾವುದರಲ್ಲೂ ನನಗೆ ಮೊದಲನೇ ಸ್ಥಾನ ಬಂದದ್ದಿಲ್ಲ. ಆ ಕೊರತೆಯನ್ನು ನೀಗಿಸಿದವರು ಪೊಲೀಸರು. ನಡುವಯಸ್ಸಿನಲ್ಲಿ, ಯಾವ ತಯಾರಿಯೂ ಇಲ್ಲದೆ, ನಾನು ಒಂದು ಕ್ರಿಮಿನಲ್ ಕೇಸಿನ ಒಂದನೇ ಆರೋಪಿಯಾಗಿಬಿಟ್ಟೆ.

ಆದದ್ದು ಇಷ್ಟು. ಸಿಂಗಸಂದ್ರದ ನಮ್ಮ ಬೀದಿಗೆ ಆ ಬೇಸಿಗೆ ನೀರು ನಿಂತುಹೋಗಿತ್ತು. ಅಪಾರ್ಟ್‌ಮೆಂಟಿನ ನಾವು ಟ್ಯಾಂಕರ್ ತರಿಸಿಕೊಂಡೆವು. ಹಿಂದಿನ ಸಾಲುಮನೆಗಳಲ್ಲಿದ್ದ, ಕಟ್ಟಡದ ಕೆಲಸಕ್ಕೆಂದು ರಾಯಚೂರು, ಕೊಪ್ಪಳದ ಕಡೆಯಿಂದ ಬಂದ ಹೆಂಗಸರಿಗೆ ಅದೂ ಇಲ್ಲ. ಒಂದು ಬೆಳಿಗ್ಗೆ ಅವರು ಖಾಲಿ ಕೊಡ ಹಿಡಿದು ರಸ್ತೆಯಲ್ಲಿ ಕುಳಿತರು. ಕೆಲಸಕ್ಕೆ ಹೊರಟಿದ್ದ ನಾನೂ ಸುಮ್ಮನೆ ದಾಟಿಹೋಗಲು ಮನಸ್ಸಾಗದೆ ಪಕ್ಕದಲ್ಲಿ ಕುಳಿತೆ. ಬಸ್ಸುಗಳು ನಿಂತವು, ಪೊಲೀಸರು ಬಂದರು, ಹೆಸರು ಬರೆದುಕೊಳ್ಳತೊಡಗಿದರು. "ನಿನ್ನ ಗಂಡನ ಹೆಸರೇನಮ್ಮಾ?" ಎಂದು ಪೇದೆ ಕೇಳಿದರೆ ಪಕ್ಕದ ಮಲ್ಲಮ್ಮ ಸೆರಗನ್ನು ಬಾಯಿಗೊತ್ತಿಕೊಂಡು, "ಯವ್ವಾ, ಮನಿಯವ್ರ ಹೆಸ್ರ ಬಾಯ್ಲೆ ಹೆಂಗ ಹೇಳೂದ್ರೀ ಸಾಹೇಬ್ರ?" ಎಂದಳು. ಅವಳಾಚೆಯವಳೂ ಹೇಳಲಿಲ್ಲ, ಅದರಾಚೆಯವಳೂ ಹೇಳಲಿಲ್ಲ. ಪೇದೆ ಬೆವರೊರೆಸಿಕೊಂಡು ನನ್ನ ಕಡೆ ತಿರುಗಿದ. ನಾನೋ ಓದಿದವಳು, ಎಲೆಕ್ಟ್ರಾನಿಕ್ ಸಿಟಿಯ ಕಾರ್ಖಾನೆಯಲ್ಲಿ ಗುಣಮಟ್ಟ ಪರೀಕ್ಷಿಸುವವಳು. ಗಂಡನ ಹೆಸರನ್ನು ಇನಿಷಿಯಲ್ ಸಮೇತ ಹೇಳಿ, ಮನೆ ನಂಬರು ಕೊಟ್ಟು, ಬಸ್ ಸ್ಟಾಪಿನಿಂದ ದಾರಿಯನ್ನೂ ವಿವರಿಸಿದೆ. ಕೇಸು ಸಿದ್ಧವಾಯಿತು: ನಾನು ಮತ್ತು ಇತರರು.

ಕೋರ್ಟಿನಲ್ಲಿ ಕೇಸು ವಾಯಿದೆಯ ಮೇಲೆ ವಾಯಿದೆ ಪಡೆಯುತ್ತ ಹಾಯಾಗಿತ್ತು. ಅಷ್ಟರಲ್ಲಿ ಕಾರ್ಖಾನೆಯವರು ಹೊಸ ಯಂತ್ರದ ಕೆಲಸ ಕಲಿತು ಬರಲು ನನ್ನನ್ನು ಜಪಾನಿಗೆ ಆರಿಸಿದರು. ನಾನು ಕೆಲಸ ಕಲಿಸಿದ ಹುಡುಗರೆಲ್ಲ ವಿದೇಶಕ್ಕೆ ಹೋಗಿಬಂದು ನನಗೆ ಚಾಕೊಲೇಟು ಕೊಟ್ಟಿದ್ದರು. ಈ ಸಲ ಹೋಗಿಯೇ ತೀರಬೇಕೆಂದು ಹಟ ಹಿಡಿದೆ.

ಪಾಸ್‌ಪೋರ್ಟ್ ಏಜೆಂಟ್ ಹೇಳಿದ, "ಕೇಸ್ ಇಲ್ಲ ಅಂತ ಹಾಕ್ಬಿಡಿ ಮೇಡಂ, ಯಾರ್ ನೋಡ್ತಾರೆ?"

"ಪೊಲೀಸ್ನೋರೇ ನೋಡ್ತಾರೆ ಕಣಪ್ಪ. ಕೇಸ್ ಹಾಕಿದ್ದೂ ಅವ್ರೇ ಅಲ್ವಾ?" ಎಂದೆ. ಇದ್ದದ್ದನ್ನು ಇದ್ದಂತೆ ಬರೆದೆ. ಪಾಸ್‌ಪೋರ್ಟ್ ಕಚೇರಿಯವರು ಕೋರ್ಟಿನ ಅನುಮತಿ ತನ್ನಿ ಎಂದರು. ನಮ್ಮ ವಕೀಲರು ಅದಕ್ಕಿಂತ ಸುಲಭದ ದಾರಿ ತೋರಿಸಿದರು. "ತಪ್ಪಾಯ್ತು ಅಂತ ಒಪ್ಕೊಂಡು ದಂಡ ಕಟ್ಬಿಡಿ ಮೇಡಂ, ಕೇಸೇ ಮುಗ್ದೋಗುತ್ತೆ."

ಮನೆಯಲ್ಲಿ ನಮ್ಮ ಯಜಮಾನರೂ ಅದನ್ನೇ ಹಾಡಿದರು. "ಒಪ್ಕೊಂಡ್ಬಿಡೇ. ನಾನು ದಿನಾ ನಿನ್ ಮುಂದೆ ಒಪ್ಕೊಳ್ತೀನಲ್ಲ, ಏನಾಗಿದೆ ನಂಗೆ?"

"ನೀರು ಕೇಳಿದ್ದು ತಪ್ಪು ಅಂತ ನನ್ ಬಾಯಲ್ಲಿ ಬರಲ್ಲ ರೀ," ಎಂದೆ. ನಿಜಕ್ಕೂ ಬರುತ್ತಿರಲಿಲ್ಲ.

ಅನುಮತಿಗೇ ಅರ್ಜಿ ಹಾಕಿದೆ. ರಜೆ ಹಾಕಿ ಹಾಕಿ ಕೋರ್ಟಿನ ಬೆಂಚು ಸವೆಸಿದೆ. ಒಂದು ದಿನ ನ್ಯಾಯಾಧೀಶರು ರಜೆ, ಒಂದು ದಿನ ವಕೀಲರ ಮುಷ್ಕರ, ಒಂದು ದಿನ ಕಡತವೇ ನಾಪತ್ತೆ. ಕೊನೆಗೆ ವಿಚಾರಣೆ ಬಂದಾಗ ಸರ್ಕಾರಿ ವಕೀಲರು ಎದ್ದು, ಆರೋಪಿ ದೇಶ ಬಿಟ್ಟು ಪರಾರಿಯಾಗಬಹುದು ಎಂದು ಆಕ್ಷೇಪಿಸಿದರು. ಹೊಸೂರು ರಸ್ತೆ ದಾಟುವಷ್ಟರಲ್ಲಿ ಏದುಸಿರು ಬಿಡುವ ನನ್ನ ಮೇಲೆ ಅಷ್ಟು ಭರವಸೆ ಇಟ್ಟವರು ಅವರೊಬ್ಬರೇ. ನ್ಯಾಯಾಧೀಶರು ಕನ್ನಡಕದ ಮೇಲಿಂದ ನೋಡಿ, "ವಾಪಸ್ ಬರ್ತೀರೇನಮ್ಮಾ?" ಎಂದರು. "ಬರಲೇಬೇಕು ಸಾರ್, ಕೇಸ್ ಗೆಲ್ಬೇಕಲ್ಲ," ಎಂದೆ. ಅವರು ನಗು ತಡೆದುಕೊಂಡು ಅನುಮತಿ ಕೊಟ್ಟರು. ಪಾಸ್‌ಪೋರ್ಟ್ ಬಂತು. ಊರಿಗೆಲ್ಲ ಹತ್ತು ವರ್ಷದ್ದು, ಕೇಸಿನ ದೆಸೆಯಿಂದ ನನಗೆ ಒಂದೇ ವರ್ಷದ್ದು. ಆದರೂ ಅದನ್ನು ದೇವರ ಮುಂದಿಟ್ಟು ಕುಂಕುಮ ಹಚ್ಚಿದೆ.

ವಿಮಾನ ನಿಲ್ದಾಣದಲ್ಲಿ ಕೋರ್ಟಿನ ಆದೇಶವನ್ನು ಕೈಯಲ್ಲೇ ಹಿಡಿದಿದ್ದೆ. ಪಾಸ್‌ಪೋರ್ಟ್ ತಪಾಸಣೆಯ ಅಧಿಕಾರಿ ನನ್ನ ಮುಖ ನೋಡಿ, ಟಪ್ಪೆಂದು ಮೊಹರು ಒತ್ತಿ, "ನೆಕ್ಸ್ಟ್" ಎಂದ. ನನಗೆ ಮೈಯೆಲ್ಲ ಉರಿದುಹೋಯಿತು. ಅಷ್ಟು ಹೋರಾಡಿ ತಂದ ಆದೇಶವನ್ನು ಕಣ್ಣೆತ್ತಿಯೂ ನೋಡಬಾರದೇ? "ಸಾರ್, ನನ್ ಮೇಲೆ ಕ್ರಿಮಿನಲ್ ಕೇಸಿದೆ. ಇದನ್ನ ಓದಿ," ಎಂದು ಗಟ್ಟಿಯಾಗಿ ಹೇಳಿ ಮುಂದಿಟ್ಟೆ. ಹಿಂದಿನ ಸಾಲು ಹಿಂದಕ್ಕೆ ಸರಿಯಿತು. ಆತ ಓದಿದ, ಮೇಲಧಿಕಾರಿಯನ್ನು ಕರೆಸಿ ಓದಿಸಿದ, ಅವರು ಇನ್ಯಾರಿಗೋ ಫೋನ್ ಮಾಡಿದರು. ನನ್ನನ್ನು ಪಕ್ಕದ ಬೆಂಚಿನಲ್ಲಿ ಕೂರಿಸಿದರು. ವಿಮಾನದ ಕೊನೆಯ ಕರೆ ಕೇಳಿಸಿದಾಗ ನಾನು ಎದ್ದು ಎರಡೂ ಕೈ ಮುಗಿದು, "ತಪ್ಪಾಯ್ತು ಸಾರ್, ತಪ್ಪಾಯ್ತು, ಬಿಟ್ಬಿಡಿ!" ಎಂದು ಅಂಗಲಾಚಿದೆ.

ಬಿಟ್ಟರು. ಪುಣ್ಯಕ್ಕೆ ನಮ್ಮ ಯಜಮಾನರು ಅಲ್ಲಿರಲಿಲ್ಲ.