ಪ್ಯಾಚಣ್ಣನ ಸೋರದ ಕಡುಬು

"ಈ ಕೈ ಮುಚ್ಚಿದ್ದು ಯಾವುದೂ ಇವತ್ತಿನವರೆಗೆ ಬಾಯಿ ಬಿಟ್ಟಿಲ್ಲ!"

ಹೀಗೆಂದು ಘೋಷಿಸಿದವನು ಯಾವ ಸಾಮ್ರಾಟನೂ ಅಲ್ಲ, ಪಂಕ್ಚರ್ ಅಂಗಡಿಯ ಪ್ಯಾಚಣ್ಣ. ಘೋಷಣೆ ಹೊರಟದ್ದು ಅವನ ಅಂಗಡಿಯಲ್ಲೇ, ಷಡ್ಡಕನ ಸ್ಕೂಟರಿನ ಟ್ಯೂಬಿಗೆ ಪ್ಯಾಚ್ ಹಾಕುವಾಗ. ಷಡ್ಡಕನದು ಬೇಕರಿ. ಊಟಕ್ಕೆ ಕರೆದಾಗಲೆಲ್ಲ ಸಿಹಿಯ ಡಬ್ಬಿ ಹಿಡಿದು ಬರುತ್ತಾನೆ. ಎಲ್ಲರೂ ಡಬ್ಬಿಯನ್ನೇ ಹೊಗಳುತ್ತಾರೆ. ಊಟ ಹಾಕಿದವನನ್ನು ಯಾರೂ ಮೂಸಿಯೂ ನೋಡುವುದಿಲ್ಲ. ಎಷ್ಟು ದಿನ ಅಂತ ಸಹಿಸುವುದು?

"ಭಾನುವಾರ ಬರಿಗೈಲಿ ಬಾರಯ್ಯ. ಸೇಬು ತುಂಬಿ, ಕಡುಬು ಕರೀತೀನಿ. ನಾನೇ!"

"ಅಣ್ಣಾ, ಹಣ್ಣಿನ ಹೂರಣ ನೀರು ಬಿಡುತ್ತೆ. ಅಂಚು ಚೂರು ಬಿಟ್ರೂ ಎಲ್ಲಾ ಎಣ್ಣೆ ಪಾಲು."

"ಅಂಟಿಸೋದನ್ನ ನೀನು ನನಗೆ ಹೇಳ್ಕೊಡ್ತೀಯಾ?"

ಪಕ್ಕದ ನೀರಿನ ತೊಟ್ಟಿಯ ಕಡೆ ಕಣ್ಣೂ ಹಾಯಿಸದೆ, ಅದೇ ಆವೇಶದಲ್ಲಿ ಟ್ಯೂಬನ್ನು ಟೈರಿನೊಳಗೆ ತುರುಕಿ, ಗಾಳಿ ತುಂಬಿ, ಷಡ್ಡಕನನ್ನು ಸಾಗಹಾಕಿದ.

ಭಾನುವಾರ ಹೆಂಡತಿ ಅಡುಗೆಮನೆಯ ಬಾಗಿಲಲ್ಲೇ ಅಡ್ಡ ನಿಂತಳು. "ರೀ, ಅಂಚು ಮಡಚಿ ಫೋರ್ಕಲ್ಲಿ ಒತ್ತಿ, ಸಾಕು. ಹೊಸದೇನೂ ಕಂಡುಹಿಡೀಬೇಡಿ. ನನ್ನ ತಂಗಿ ಮುಂದೆ ಮರ್ಯಾದೆ ಉಳಿಸಿ."

"ನೀನು ಹೊರಗೆ ಕೂತು ವಾಸನೆ ತಗೋತಾ ಇರು!"

ವಾಸನೆಯೇನೋ ಘಮಘಮವೇ. ಸೇಬು, ಸಕ್ಕರೆ, ಚಕ್ಕೆ ಸೇರಿ ಹದವಾಗಿ ಬೆಂದವು. ಮೈದಾದ ಅರ್ಧಚಂದ್ರಗಳು ತಟ್ಟೆಯಲ್ಲಿ ಸಿಪಾಯಿಗಳ ಹಾಗೆ ಸಾಲಾಗಿ ನಿಂತವು. ಅಲ್ಲಿಗೆ ಬಿಟ್ಟಿದ್ದರೆ ಚೆನ್ನಾಗಿತ್ತು. ಆದರೆ ಷಡ್ಡಕನ ಮಾತು ಮನಸ್ಸಿನಲ್ಲಿ ಮೊಳೆಯಂತೆ ನಾಟಿತ್ತು. ಪರೀಕ್ಷೆ ಮಾಡದೆ ಸೋರುವುದಿಲ್ಲ ಎಂದು ನಂಬುವುದು ಹೇಗೆ?

ಬಚ್ಚಲಿನಿಂದ ಬಕೆಟ್ ಬಂತು. ಮೊದಲ ಕಡುಬು ಮುಳುಗಿತು. ಬುಳ್! ಒಂದು ಗುಳ್ಳೆ.

"ಸಿಕ್ಕಿಬಿದ್ದೆ ಕಳ್ಳ!" ಎಂದು ಅಲ್ಲಿಗೊಂದು ಹಿಟ್ಟಿನ ಪ್ಯಾಚ್. ಮತ್ತೆ ಮುಳುಗು, ಮತ್ತೆ ಗುಳ್ಳೆ, ಮತ್ತೆ ಪ್ಯಾಚ್. ಕಡೆಗೆ ಪ್ರತಿ ಕಡುಬೂ ಹಳೇ ಲಾರಿಯ ಟ್ಯೂಬಿನ ಹಾಗೆ ಕಂಡಿತು. ಆದರೆ ಗುಳ್ಳೆ ಬರಲಿಲ್ಲ! ನೀರು ತೊಟ್ಟಿಕ್ಕುತ್ತಿದ್ದ ಕಡುಬನ್ನು ಹೆಮ್ಮೆಯಿಂದ ಕಾದ ಎಣ್ಣೆಗೆ ಬಿಟ್ಟ.

ಎಣ್ಣೆ ಛಾವಣಿಗೆ ಹಾರಿತು! ಪ್ಯಾಚಣ್ಣ ಹಜಾರಕ್ಕೆ ಹಾರಿದ. ಹಾಗೆಂದು ಸೋಲುವ ಜಾತಿಯೇ ಅವನದು? ತಲೆಗೆ ಹೆಲ್ಮೆಟ್, ಎಡಗೈಗೆ ಪಾತ್ರೆಯ ಮುಚ್ಚಳದ ಗುರಾಣಿ. ಹೊಸ್ತಿಲಲ್ಲಿ ನಿಂತು ಉಳಿದವನ್ನು ಒಂದೊಂದಾಗಿ ಬಾಣಲೆಗೆ ಎಸೆದ. ಢಬ್! ಢಬ್! ಪ್ಯಾಚುಗಳು ಕಿತ್ತುಬಂದು ತೇಲಿದವು, ಹೂರಣ ಹೊರಬಂದು ಕರಕಲಾಯಿತು.

ಹೆಂಡತಿ ಓಡಿ ಬಂದು ಒಲೆ ಆರಿಸಿದಳು.

"ಹೆಲ್ಮೆಟ್ ಯಾಕ್ರೀ?"

"ಕಡುಬು ಕರೀತಿದೀನಿ."

"ಬಕೆಟ್ಟು?"

"ಲೀಕ್ ನೋಡೋಕೆ. ಗುಳ್ಳೆ ಬಂತು ಕಣೇ!"

ಅವಳು ಹಣೆ ಚಚ್ಚಿಕೊಂಡಳು. ಊಟದ ಕೊನೆಗೆ ಈಗ ಏನು ಬಡಿಸುವುದು? ಪ್ಯಾಚಣ್ಣ ತನ್ನ ಜನ್ಮದಲ್ಲೇ ಮೊದಲ ಸಲ ಷಡ್ಡಕನ ಡಬ್ಬಿಗಾಗಿ ಬೇಡಿಕೊಂಡ. 'ನನ್ನ ಮಾತು ಕೇಳದೆ ತಂದುಬಿಡಪ್ಪಾ!'

ಬಹಳ ತಡವಾಗಿ ಬಾಗಿಲ ಗಂಟೆ ಮೊಳಗಿತು. ಬಾಗಿಲಲ್ಲಿ ಬೆವರಿ ತೊಪ್ಪೆಯಾದ ಷಡ್ಡಕ, ಹಿಂದೆ ಏದುಸಿರು ಬಿಡುತ್ತಿದ್ದ ನಾದಿನಿ. ಇಬ್ಬರ ಕೈಯೂ ಖಾಲಿ.

"ಡಬ್ಬಿ?" ಪ್ಯಾಚಣ್ಣ ಅವರ ಬೆನ್ನ ಹಿಂದೆ ಇಣುಕಿದ.

"ತಂದಿದ್ದೆ ಅಣ್ಣ. ಅರ್ಧ ದಾರೀಲಿ ಗಾಳಿ ಹೋಯ್ತು. ಸ್ಕೂಟರ್ ತಳ್ಳೀ ತಳ್ಳೀ ಹಸಿವಾಗಿ, ಇಬ್ರೂ ಕೂತು ಖಾಲಿ ಮಾಡಿಬಿಟ್ವಿ. ಹೇಗೂ ನಿಮ್ಮ ಕಡುಬು ಇರುತ್ತಲ್ಲ!"

"ಗಾಳಿ ಹೋಯ್ತಾ? ಯಾವ ಟೈರು?"

"ಅದೇ, ನೀವು ಪ್ಯಾಚ್ ಹಾಕಿದ್ದು."

ಹೆಂಡತಿ ನಿಧಾನವಾಗಿ ಗಂಡನ ಕಡೆ ತಿರುಗಿದಳು. "ಆ ಟ್ಯೂಬನ್ನ ನೀರಿಗೆ ಹಾಕಿ ನೋಡಿದ್ರಾ?"

"ಅವತ್ತು ಅವಸರದಲ್ಲಿದ್ದೆ ಕಣೇ."

"ಮುಳುಗಿಸಬೇಕಾದ್ದನ್ನ ಮುಳುಗಿಸಲಿಲ್ಲ, ಮುಳುಗಿಸೋಕೆ ಕಡುಬೇ ಸಿಕ್ಕಿತೇನ್ರೀ ನಿಮಗೆ?"

ಪ್ಯಾಚಣ್ಣ ಇನ್ನೂ ತಲೆಯ ಮೇಲಿದ್ದ ಹೆಲ್ಮೆಟ್ಟಿನ ಗಾಜನ್ನು ಮೆಲ್ಲಗೆ ಮುಖದ ಮೇಲೆ ಇಳಿಸಿಕೊಂಡ. ಆ ಕೈ ಮುಚ್ಚಿದ್ದರಲ್ಲಿ, ಅವತ್ತು ಬಾಯಿ ಬಿಡದೆ ಉಳಿದದ್ದು ಆ ಮುಖವೊಂದೇ!