ನಮ್ಮ ಕೊಟ್ಟಿಗೆಯಲ್ಲೊಂದು ಗ್ರೀಕ್ ಹೆಸರು

ಹೆಸರು ಅಂದಮೇಲೆ ಅದಕ್ಕೊಂದು ಅರ್ಥ ಇರಲೇಬೇಕು ಎಂದು ನಮ್ಮ ಕಡೆ ಯಾರೂ ಹಟ ಹಿಡಿದವರಲ್ಲ. ಅಜ್ಜಿ ಸತ್ತ ವರ್ಷ ಹುಟ್ಟಿದರೆ ಅಜ್ಜಿಯ ಹೆಸರು, ಹರಕೆ ಹೊತ್ತು ಹುಟ್ಟಿದರೆ ದೇವರ ಹೆಸರು, ಎರಡೂ ಅಲ್ಲದಿದ್ದರೆ ಶಾಲೆಗೆ ಸೇರಿಸಿದ ದಿನ ಮೇಷ್ಟರ ಬಾಯಿಗೆ ಬಂದ ಹೆಸರು. ನಾನು ಪಂಕಜ ಆದದ್ದು ಈ ಮೂರನೆಯ ದಾರಿಯಲ್ಲಿ. ಪಂಕಜ ಎಂದರೆ ಕೆಸರಿನಲ್ಲಿ ಹುಟ್ಟಿದ್ದು ಎಂದು ಏಳನೇ ತರಗತಿಯಲ್ಲಿ ಗೊತ್ತಾದಾಗ ಎರಡು ದಿನ ಊಟ ಸೇರಲಿಲ್ಲ. ಮೂರನೆಯ ದಿನ ಮನೆಯಲ್ಲಿ ಒಬ್ಬಟ್ಟು ಮಾಡಿದ್ದರಿಂದ ಆ ಮೇಷ್ಟರನ್ನು ಕ್ಷಮಿಸಿಬಿಟ್ಟೆ. ನಮ್ಮತ್ತೆಯ ಹೆಸರು ಅಕ್ಕಯ್ಯಮ್ಮ. ಬಿಡಿಸಿ ನೋಡಿದರೆ ಅಕ್ಕ, ಅಯ್ಯ, ಅಮ್ಮ ಮೂವರೂ ಅದರೊಳಗಿದ್ದಾರೆ. ಮದುವೆಯಾಗಿ ಬಂದ ಇಪ್ಪತ್ತಾರು ವರ್ಷಗಳಲ್ಲಿ ಈ ಮನೆ ನಡೆಸಲು ನಾಲ್ಕನೆಯವರೊಬ್ಬರು ಬೇಕಿತ್ತು ಎಂದು ನನಗೆ ಒಮ್ಮೆಯೂ ಅನಿಸಿಲ್ಲ. ಹೀಗೆ ಅರ್ಥದ ಗೊಡವೆಯಿಲ್ಲದೆ ನೆಮ್ಮದಿಯಾಗಿದ್ದ ನಮ್ಮ ಮನೆಗೆ ಅರ್ಥದ ಪೀಡೆ ತಂದದ್ದು ಒಂದು ಹಸು.

ದೇವನಹಳ್ಳಿಯ ಆಚೆ, ವಿಮಾನಗಳು ತೆಂಗಿನ ಮರಕ್ಕೇ ತಗುಲಿಬಿಡುತ್ತವೇನೋ ಎಂಬಂತೆ ಇಳಿಯುವ ಜಾಗದಲ್ಲಿ, ಬೆಂಗಳೂರಿನ ಒಬ್ಬ ಮೇಡಂ ತೋಟದ ಮನೆ ಮಾಡಿಕೊಂಡು ಎರಡು ಸೀಮೆ ಹಸು ಸಾಕಿದ್ದರಂತೆ. ಸಾಕಿ ಸಾಕಾಗಿ, ಒಂದನ್ನು ನೆಲಮಂಗಲದ ಕಡೆಯವರಿಗೆ ಕೊಟ್ಟು ಇನ್ನೊಂದಕ್ಕೆ ಒಳ್ಳೆಯ ಮನೆ ಹುಡುಕುತ್ತಿದ್ದಾರೆ ಎಂದು, ಬಾಶೆಟ್ಟಿಹಳ್ಳಿಯ ಕಾರ್ಖಾನೆಯಲ್ಲಿ ನಮ್ಮವರ ಜೊತೆ ಕೆಲಸ ಮಾಡುವವರೊಬ್ಬರು ಸುದ್ದಿ ತಂದರು. ಅತ್ತೆ ಕೇಳಿದ ಕೂಡಲೇ ಮೂಗು ಮುರಿದರು. "ಫ್ಯಾನ್ ಕೆಳ್ಗೆ ಬೆಳ್ದಿರೋ ಹಸ ಕಣ್ಲಾ ಅದು. ನಮ್ ಕೊಟ್ಟಿಗೇಲಿ ನಿಂತಾತಾ?" ನಮ್ಮವರು ನನ್ನ ಮುಖ ನೋಡಿದರು. ನಾನು ಏನೋ ಹುಮ್ಮಸ್ಸಿನಲ್ಲಿ, "ನಿಲ್ಲುತ್ತೆ ಅತ್ತೆ, ನಾನ್ ನೋಡ್ಕೊತೀನಿ" ಅಂದುಬಿಟ್ಟೆ. ಈ ಮನೆಯಲ್ಲಿ ನಾನು ಜವಾಬ್ದಾರಿ ತೆಗೆದುಕೊಂಡು ತರಿಸಿದ ಮೊದಲ ಜೀವ ಅದು. ಹಿಂದೊಮ್ಮೆ ಮಿಕ್ಸಿ ತರಿಸಿದ್ದೆ. ಅದು ಮೂರನೆಯ ದಿನ ಸುಟ್ಟುಹೋದದ್ದನ್ನು ಅತ್ತೆ ಇವತ್ತಿಗೂ ಬಂದುಹೋದವರಿಗೆಲ್ಲ ಹೇಳುತ್ತಾರೆ. ಹಸುವೂ ಮಿಕ್ಸಿಯ ದಾರಿ ಹಿಡಿದರೆ ಈ ಮನೆಯಲ್ಲಿ ನನ್ನ ಮಾತಿಗೆ ಮೂರು ಕಾಸಿನ ಬೆಲೆ ಉಳಿಯುವುದಿಲ್ಲ ಎಂದು ನನಗೆ ಚೆನ್ನಾಗಿ ಗೊತ್ತಿತ್ತು.

ಶನಿವಾರ ಸಂಜೆ ಹಸು ಟೆಂಪೋದಲ್ಲಿ ಬಂತು. ಜೊತೆಯಲ್ಲಿ ಒಂದು ಬ್ರಷ್ಷು, ಹೂವಿನ ಚಿತ್ತಾರದ ಒಂದು ಹೊದಿಕೆ, ಕೊರಳಲ್ಲಿ ಹೆಸರು ಬರೆದ ರಟ್ಟಿನ ಚೀಟಿ. ಬೆಳಗಾಗುವಷ್ಟರಲ್ಲಿ, ಯಾರೂ ಓದುವ ಮೊದಲೇ, ಆ ಚೀಟಿಯನ್ನು ಹಸುವೇ ತಿಂದು ಮುಗಿಸಿತ್ತು. ತನ್ನ ಹೆಸರನ್ನು ತಾನೇ ನುಂಗಿ ಮೆಲುಕು ಹಾಕುತ್ತಾ ನಿಂತ ಆ ಪ್ರಾಣಿಯ ಕೆಳಗೆ ಅತ್ತೆ ಪಾತ್ರೆ ಹಿಡಿದು ಕೂತರು. ಕೆಚ್ಚಲು ತೊಳೆದರು, ಸವರಿದರು, ಎಳೆದರು. ಒಂದು ಹನಿ ಇಳಿಯಲಿಲ್ಲ. ಕೊನೆಗೆ ನಮ್ಮವರು ಆ ಮೇಡಂಗೆ ಫೋನ್ ಮಾಡಿದರೆ ಅವರು ನಿದ್ದೆಗಣ್ಣಿನಲ್ಲೇ ಕೇಳಿದರಂತೆ: "ಹೆಸರು ಹಿಡಿದು ಕರೆದ್ರಾ? ಯೂಫೀಮಿಯಾ ಅಂತ ಕರೀಬೇಕು. ಯಾರು ಹಾಲು ಕರೀತಾರೋ ಅವರೇ ಕರೀಬೇಕು. ಮೆತ್ತಗೆ."

ನಮ್ಮವರು ಆಚೆ ಈಚೆ ನೋಡಿ, ಪಕ್ಕದ ಮನೆಯವರು ಎದ್ದಿಲ್ಲ ಎಂದು ಖಾತ್ರಿ ಮಾಡಿಕೊಂಡು, ತಾವೇ ಪಾತ್ರೆ ಹಿಡಿದು ಕೂತು, "ಯೂಫೀಮಿಯಾ" ಅಂದರು. ನನ್ನನ್ನು ಈ ಇಪ್ಪತ್ತಾರು ವರ್ಷದಲ್ಲಿ ಅವರು ಹೆಸರು ಹಿಡಿದು ಕರೆದದ್ದು ರೇಷನ್ ಕಾರ್ಡ್ ಮಾಡಿಸುವ ದಿನ ಮಾತ್ರ. ಉಳಿದಂತೆ ನಾನು "ಇವಳೇ". ಆ ದನಿಯಲ್ಲಿ ಅಷ್ಟು ಮಾರ್ದವ ಅಡಗಿತ್ತೆಂದು ನನಗೇ ಗೊತ್ತಿರಲಿಲ್ಲ. ಹಸು ತಿರುಗಿ ನೋಡಿತು, ಕಣ್ಣು ಅರ್ಧ ಮುಚ್ಚಿತು, ನಲ್ಲಿ ಬಿಟ್ಟ ಹಾಗೆ ಹಾಲು ಇಳಿಯಿತು. ಆರು ಲೀಟರ್! ನಾನು ಗೆದ್ದೆ ಎಂದು ಕ್ಯಾಲೆಂಡರಿನ ಚೌಕದಲ್ಲಿ ಬರೆದುಕೊಂಡೆ.

ಗೆಲುವು ಮಧ್ಯಾಹ್ನದವರೆಗೆ ಇತ್ತು. ಕಂಪನಿಯವರು ನಮ್ಮವರನ್ನು ಒಂದು ವಾರದ ತರಬೇತಿಗೆಂದು ಹೊಸೂರಿಗೆ ಕಳಿಸಿದರು. ನನಗೆ ಹಾಲು ಕರೆಯಲು ಬಾರದು. ಕಲಿಯಲಿಲ್ಲ ಎನ್ನುವುದಕ್ಕಿಂತ ಕಲಿಸಲಿಲ್ಲ ಎನ್ನಬೇಕು. ರಾಜರು ಮುದ್ರೆಯುಂಗುರ ಇಟ್ಟುಕೊಂಡ ಹಾಗೆ ಅತ್ತೆ ಆ ಹಾಲಿನ ಪಾತ್ರೆಯನ್ನು ತಮ್ಮಲ್ಲೇ ಇಟ್ಟುಕೊಂಡಿದ್ದಾರೆ. ಹಾಗಾಗಿ ಸಂಜೆ ಅತ್ತೆಯೇ ಕೂರಬೇಕು, ಅತ್ತೆಯೇ ಕರೆಯಬೇಕು. ಅವರು ಕೂತರು. ಕರೆಯಲಿಲ್ಲ.

"ಹೇಳಿ ಅತ್ತೆ, ಯೂಫೀಮಿಯಾ ಅಂತ."

"ಅಂಗಂದ್ರೆ ಏನು?"

"ಅದರ ಹೆಸ್ರು."

"ಹೆಸ್ರಂತ ನಂಗೂ ಗೊತ್ತು ಕಣೆ. ಅರ್ಥ ಏನು? ಅರ್ಥ ಗೊತ್ತಿಲ್ದಿರೋ ಮಾತ್ನ ದೀಪ ಹಚ್ಚೋ ಹೊತ್ನಲ್ಲಿ, ಕೊಟ್ಟಿಗೇಲಿ ನಿಂತ್ಕೊಂಡು ನಾನಾಡಲ್ಲ. ಅದೇನು ಬೈಗುಳವೋ, ಮಾಟದ್ ಮಾತೋ, ಯಾರಿಗ್ ಗೊತ್ತು?"

ಈ ಹಟಕ್ಕೆ ಹಿನ್ನೆಲೆ ಇಲ್ಲದಿಲ್ಲ. ಹಿಂದೊಮ್ಮೆ ಹೊಸಕೋಟೆಯಲ್ಲಿ ನೆಂಟರ ಮನೆಯ ಮದುವೆಗೆ ಹೋಗಿದ್ದಾಗ ಪಕ್ಕದ ಮನೆಯ ತೆಲುಗಿನ ಹುಡುಗಿಯರು ಒಂದು ಮಾತು ಹೇಳಿಕೊಟ್ಟು, "ಇದು ನಮಸ್ಕಾರ ಅಂತ ಅಜ್ಜಿ" ಅಂದಿದ್ದರು. ಅತ್ತೆ ಆ ನಮಸ್ಕಾರವನ್ನು ಮದುವೆಮನೆಯಲ್ಲಿ ಗಂಡಿನ ತಂದೆಗೇ ಮಾಡಿದರು. ಅದರ ಅರ್ಥ ಏನೆಂದು ನಮಗೆ ಇವತ್ತಿಗೂ ಯಾರೂ ಹೇಳಿಲ್ಲ. ಗಂಡಿನ ತಂದೆ ಊಟ ಮಾಡದೆ ಎದ್ದುಹೋದದ್ದು ಮಾತ್ರ ನಿಜ.

ಸೋಮವಾರ ಬೆಳಿಗ್ಗೆ ಹೊಸೂರಿಗೆ ಫೋನ್ ಮಾಡಿ, ಸ್ಪೀಕರ್ ಹಾಕಿ, ಹಸುವಿನ ಕಿವಿಗೆ ಹಿಡಿದೆ. ನಮ್ಮವರು ತುಂಬಿದ ಬಸ್ಸಿನಲ್ಲಿದ್ದರು. "ಈಗ್ಲಾ?" ಅಂದರು. "ಈಗ್ಲೇ" ಅಂದೆ. ಪಿಸುದನಿಯಲ್ಲಿ "ಯೂಫೀಮಿಯಾ" ಅಂದದ್ದು ಕೇಳಿಸಿತು, ಅದರ ಹಿಂದೆಯೇ, "ಯಾರ್ ಗುರೂ ಅದು? ಅಕ್ಕಂಗೆ ಗೊತ್ತಾ?" ಎಂದು ಇನ್ನೊಬ್ಬರ ದನಿಯೂ ಕೇಳಿಸಿತು. ಹಸು ನಾಲಿಗೆ ಚಾಚಿ ಫೋನನ್ನು ಒಂದು ಸುತ್ತು ನೆಕ್ಕಿತು. ಕರೆ ಕಡಿದುಹೋಯಿತು. ಹಾಲು ಇಳಿಯಲಿಲ್ಲ.

ಅಷ್ಟರಲ್ಲಿ ಕೆಚ್ಚಲು ಕಲ್ಲಾಗಿತ್ತು. ದನದ ಡಾಕ್ಟರು ಬಂದು ಒಂದು ಇಂಜೆಕ್ಷನ್ ಚುಚ್ಚಿ ಹಾಲು ಇಳಿಸಿಕೊಟ್ಟರು. "ದಿನಾ ಚುಚ್ಚೋಕಾಗಲ್ಲಮ್ಮಾ. ಹಿಂಗೇ ಹಾಲ್ ಕಟ್ಕೊಂಡ್ರೆ ಕೆಚ್ಚಲು ಬಾವು ಬಂದು ಹಸುನೇ ಕೆಡುತ್ತೆ. ಅದೇನ್ ಹೆಸ್ರೋ ಕರೆದ್ಬಿಡ್ರಮ್ಮ" ಅಂದರು. ಅತ್ತೆ ಒಳಗೆ ಹೋಗಿ ದನದ ದಲ್ಲಾಳಿ ಮುನಿಯಪ್ಪನಿಗೆ ಫೋನ್ ಮಾಡಿದರು. "ಗುರುವಾರ ಬಂದು ಹೊಡ್ಕೊಂಡೋಗಪ್ಪ. ನಮ್ ಸೊಸೆ ತರ್ಸಿದ್ದು. ಹೂಂ, ಮಿಕ್ಸಿ ತರ್ಸಿದ್ಲಲ್ಲ, ಅವ್ಳೇ."

ನನಗೆ ಉಳಿದದ್ದು ಮೂರು ದಿನ. ಮೊದಲು ಮೇಡಂಗೇ ಕೇಳಿದೆ. ಅದು ಅವರ ಹಾಸ್ಟೆಲ್ ಗೆಳತಿಯ ಹೆಸರಂತೆ. ಅರ್ಥ ಅವರಿಗೂ ಗೊತ್ತಿಲ್ಲ, ಕೇಳಲು ಚೆನ್ನಾಗಿತ್ತಂತೆ. ಆಮೇಲೆ ಫೋನಿನಲ್ಲಿ ಹುಡುಕಿದೆ. ಚೀಟಿ ಹಸುವಿನ ಹೊಟ್ಟೆಯಲ್ಲಿದ್ದುದರಿಂದ ಅಕ್ಷರ ಯಾವುದೆಂದು ತಿಳಿಯದೆ ನನಗೆ ತೋಚಿದ ಹಾಗೆಲ್ಲ ಒತ್ತಿದೆ. ಫೋನು ಸ್ವಲ್ಪ ಯೋಚಿಸಿ ಉಪ್ಪಿಟ್ಟು ಮಾಡುವ ವಿಧಾನ ತೋರಿಸಿತು. ಇನ್ನೊಂದು ಬಗೆಯಲ್ಲಿ ಒತ್ತಿದರೆ ಸಬ್ಬಸಿಗೆ ಸೊಪ್ಪಿನ ಉಪ್ಪಿಟ್ಟು. ಅದು ಚೆನ್ನಾಗಿ ಕಂಡದ್ದರಿಂದ ಅಂದು ರಾತ್ರಿಗೆ ಅದನ್ನೇ ಮಾಡಿದೆ.

ಮಂಗಳವಾರ ನಮ್ಮೂರಿನ ನಿವೃತ್ತ ಕನ್ನಡ ಮೇಷ್ಟರ ಮನೆಗೆ ಹೋದೆ. ಅವರು ಜಗತ್ತಿನ ಯಾವ ಪದವನ್ನಾದರೂ ಸಂಸ್ಕೃತಕ್ಕೆ ತಂದು ಕಟ್ಟಬಲ್ಲರು. ಕಣ್ಣು ಮುಚ್ಚಿ, "ಯೂಫೀಮಿಯಾ... ಉಫಮಿಯಾ... ಉಪಮೇಯಾ!" ಎಂದು ತೊಡೆ ತಟ್ಟಿದರು. "ಉಪಮೇಯ ಕಣಮ್ಮಾ! ಉಪಮಾಲಂಕಾರ ಮರೆತ್ಯಾ? ಉಪಮೇಯ ಇದ್ದ ಮೇಲೆ ಉಪಮಾನ ಇರಲೇಬೇಕು. ಆ ಮನೇಲಿ ಇನ್ನೊಂದು ಹಸು ಇತ್ತೋ ಇಲ್ಲವೋ?"

"ಇತ್ತು ಸಾರ್. ನೆಲಮಂಗಲದ ಕಡೆ ಹೋಯ್ತು."

"ನೋಡು! ಉಪಮಾನ ನೆಲಮಂಗಲಕ್ಕೆ ಹೋಯ್ತು. ಉಪಮೇಯ ಒಂಟಿಯಾಯ್ತು. ಹಾಲೆಲ್ಲಿಂದ ಬಂದಾತು?"

ಶಾಸ್ತ್ರ ಇಷ್ಟು ಕರಾರುವಾಕ್ಕಾಗಿ ಕೂತದ್ದು ಕಂಡು ನನಗೂ ರೋಮಾಂಚನವಾಯಿತು. ಓಡಿಬಂದು ಅತ್ತೆಗೆ ಹೇಳಿದೆ. ಅವರು ಪಾತ್ರೆ ಕೆಳಗಿಟ್ಟು, "ವ್ಯಾಕರಣ ಹೇಳ್ಕೊಂಡು ಹಾಲ್ ಕರ್ಯೋ ಕಾಲ ನಂಗಿನ್ನೂ ಬಂದಿಲ್ಲ" ಅಂದರು. ಆ ಸಂಜೆ ಬಲವಂತವಾಗಿ ಎಳೆದು ಅರ್ಧ ಲೀಟರ್ ಹಾಲನ್ನೂ, ಮೊಣಕಾಲಿಗೆ ಒಂದು ಒದೆಯನ್ನೂ ಪಡೆದರು.

ಬುಧವಾರ ಆ ಮೊಣಕಾಲಿಗೆ ಮುಲಾಮು ತರಲು ದೊಡ್ಡಬಳ್ಳಾಪುರಕ್ಕೆ ಹೋದೆ. ಊರಾಚೆ ಕ್ರೈಸ್ತ ಸಿಸ್ಟರುಗಳು ನಡೆಸುವ ಪುಟ್ಟ ದವಾಖಾನೆಯಿದೆ. ಅಲ್ಲಿನ ಮಂಗಳೂರು ಕಡೆಯ ವಯಸ್ಸಾದ ಸಿಸ್ಟರು ಮುಲಾಮು ಕಟ್ಟುತ್ತಿದ್ದಾಗ, ಹೋದರೆ ಒಂದು ಮಾತು ಎಂದು ಕೇಳಿಯೇಬಿಟ್ಟೆ. ಅವರು ತಲೆಯೆತ್ತಿದರು. "ಯೂಫೀಮಿಯಾ? ಯಾರ ಮಗುವಿಗೆ ಇಟ್ಟಿರಿ ಆ ಹೆಸರು?"

"ಮಗುಗಲ್ಲ ಸಿಸ್ಟರ್. ಹಸುಗೆ."

ಸಿಸ್ಟರು ಮುಲಾಮಿನ ಪೊಟ್ಟಣ ಕೆಳಗಿಟ್ಟರು. "ನಾನು ಮಠ ಸೇರಿದಾಗ ನಮ್ಮ ದೊಡ್ಡ ಸಿಸ್ಟರ್ ಹೆಸರು ಅದೇ. ಭಾರೀ ಕಟ್ಟುನಿಟ್ಟು. ದನಿ ಎತ್ತಿದರೆ ಅವರಿಗೆ ಆಗುತ್ತಿರಲಿಲ್ಲ."

"ಇವಳೂ ಹಾಗೇ ಸಿಸ್ಟರ್."

ಅವರು ನಕ್ಕು, ಕೂರಿಸಿ, ಬಿಡಿಸಿ ಹೇಳಿದರು. ಅದು ಗ್ರೀಕರ ಹೆಸರಂತೆ. "ಯೂ" ಎಂದರೆ ಒಳ್ಳೆಯದು, "ಫೀಮಿ" ಎಂದರೆ ಮಾತಾಡುವುದು. ಒಳ್ಳೆಯ ಮಾತಿನವಳು ಎಂದು ಅರ್ಥ. ಹಳೆಯ ಕಾಲದಲ್ಲಿ ಅವರು ಪೂಜೆಗೆ ನಿಂತಾಗ, ಯಾರೂ ಅಪಶಕುನದ ಮಾತು ಆಡದಿರಲಿ ಎಂದು ಪೂಜಾರಿ ಈ ಮಾತನ್ನು ಕೂಗುತ್ತಿದ್ದರಂತೆ: ಒಳ್ಳೆಯದನ್ನೇ ಆಡಿ, ಆಡಲಾಗದವರು ಬಾಯಿ ಮುಚ್ಚಿಕೊಂಡಿರಿ ಎಂದು.

ಮನೆಗೆ ಬಂದು, ಮುಲಾಮು ಹಚ್ಚುತ್ತಾ, ಒಂದಕ್ಷರ ಬಿಡದೆ ಒಪ್ಪಿಸಿದೆ. ಅತ್ತೆ ಚಾವಣಿ ನೋಡುತ್ತಾ ಕೇಳಿದರು. ಆಮೇಲೆ ಎದ್ದು ಕೂತರು. "ಅಂದ್ರೆ, ಯಾರಾನ ಕೆಟ್ಟ ಮಾತಾಡಿದ್ರೆ 'ಬಿಡ್ತು ಅನ್ನು' ಅಂತೀವಲ್ಲ, ಅದೇ ತಾನೆ?"

ನಾನು ಬೆಪ್ಪಾದೆ. ಅದೇ ಅಲ್ಲವೇ! ಹೊರಟವರನ್ನು "ಹೋಗ್ತೀನಿ" ಅನ್ನಗೊಡದೆ "ಹೋಗ್ಬರ್ತೀನಿ" ಅನ್ನಿಸುವವರು, ದೀಪ ಆರಿಸು ಎನ್ನದೆ ದೊಡ್ಡದು ಮಾಡು ಎನ್ನುವವರು, ಬಳೆ ಒಡೆದರೆ ಹೆಚ್ಚಿತು ಎನ್ನುವವರು, ಅಕ್ಕಿ ಮುಗಿದರೆ ಡಬ್ಬ ತುಂಬಿದೆ ಎನ್ನುವವರು, ರಾತ್ರಿ ಹಾವು ಕಂಡರೆ ಹುಳ ಎನ್ನುವವರು ನಮ್ಮತ್ತೆ. ತುಂಬಿದ ಡಬ್ಬಕ್ಕೆ ಕೈಹಾಕಿ, ಬರಿಗೈ ಎತ್ತಿ, ನಾನೆಷ್ಟು ಸಲ ಅಂಗಡಿಗೆ ಓಡಿಲ್ಲ! ಆ ಗ್ರೀಕರು ನಾಲ್ಕು ದಿನ ನಮ್ಮ ಮನೆಯಲ್ಲಿದ್ದಿದ್ದರೆ ಪೂಜಾರಿಯನ್ನು ಕಳಿಸಿ ಅತ್ತೆಯನ್ನೇ ಇಟ್ಟುಕೊಳ್ಳುತ್ತಿದ್ದರು.

"ಇಷ್ಟಕ್ಕೆ ದೊಡ್ಬಳ್ಳಾಪುರಕ್ಕೆ ಹೋಗ್ಬೇಕಿತ್ತಾ? ನನ್ನ ಕೇಳಿದ್ರೆ ನಾನೇ ಹೇಳ್ತಿರ್ಲಿಲ್ವಾ?" ಎಂದು ಅತ್ತೆ ಪಾತ್ರೆ ತೆಗೆದುಕೊಂಡು ಕೊಟ್ಟಿಗೆಗೆ ನಡೆದರು. ಕೂತು, ಸೆರಗು ಸರಿಮಾಡಿಕೊಂಡು, "ಬಾರವ್ವ ಯುಪ್ಪೀಮ್ಯಾ, ಬಿಡವ್ವ ತಾಯಿ" ಅಂದರು. ಹಸು ತಿರುಗಿ ನೋಡಿತು. ಪಾತ್ರೆಯಲ್ಲಿ ಸೊರ್ರ್ ಎಂದು ಸದ್ದಾಯಿತು.

ಅರ್ಧ ಪಾತ್ರೆ ತುಂಬುವ ಹೊತ್ತಿಗೆ ಒಂದು ನೊಣ ಬಂತು. ಹಸು ಬಾಲ ಬೀಸಿತು, ಬಾಲ ಅತ್ತೆಯ ಕೆನ್ನೆಗೆ ಬಿತ್ತು. "ನಿನ್ ಮನೆ ಹಾಳಾಗ!" ಅಂದರು ಅತ್ತೆ, ಅಭ್ಯಾಸಬಲದಿಂದ. ಹಾಲು ನಿಂತಿತು. ಹಿಂಗಾಲು ಒಂದು ಗೇಣು ಮೇಲೆದ್ದಿತು.

"ಬಿಡ್ತು ಅನ್ನಿ ಅತ್ತೆ" ಅಂದೆ ನಾನು. ಇಪ್ಪತ್ತಾರು ವರ್ಷದಲ್ಲಿ ಮೊದಲ ಸಲ. "ಅದರ ಮನೆ ಅಂದ್ರೆ ನಮ್ಮನೇನೇ ಅಲ್ವಾ?"

ಅತ್ತೆ ನನ್ನನ್ನು ನೋಡಿದರು, ಕಾಲನ್ನು ನೋಡಿದರು, "ಬಿಡ್ತು" ಅಂದರು. ಕಾಲು ಇಳಿಯಿತು.

ಗುರುವಾರ ಬಂದ ಮುನಿಯಪ್ಪ ಕಾಫಿ ಕುಡಿದು ಬರಿಗೈಯಲ್ಲಿ ಹೋದ. ಹಸು ಉಳಿಯಿತು, ನನ್ನ ಮಾತೂ ಉಳಿಯಿತು ಎಂದುಕೊಂಡೆ. ಆದರೆ ಅತ್ತೆಗೆ ಹೊಸ ತಾಪತ್ರಯ ಶುರುವಾಯಿತು. ಬೆಳಗಿನ ಜಾವ ಕೊಟ್ಟಿಗೆಯಲ್ಲಿ ನನ್ನನ್ನು ಬೈಯುವುದು ಅವರಿಗೆ ಎದ್ದ ಕೂಡಲೇ ಕುಡಿಯುವ ಬಿಸಿನೀರಿದ್ದ ಹಾಗೆ. ಅದು ತಪ್ಪಿದರೆ ದಿನವಿಡೀ ಹೊಟ್ಟೆಯುಬ್ಬರ. ನಾಲ್ಕು ದಿನ ಸಹಿಸಿದರು. ಐದನೆಯ ದಿನ ದಾರಿ ಕಂಡುಕೊಂಡರು. ಹಸುವಿಗೆ ಬೇಕಾದದ್ದು ದನಿ, ವಿಷಯವಲ್ಲ ಎಂಬುದು ಆ ಮೇಡಂಗಾಗಲಿ ಮೇಷ್ಟರಿಗಾಗಲಿ ಹೊಳೆಯದ ಸತ್ಯ.

ಇವತ್ತು ಬೆಳಿಗ್ಗೆಯೂ ಹಾಲು ಸುರಿಯುತ್ತಿತ್ತು. ಅತ್ತೆ, ಮಗುವನ್ನು ತೂಗುವ ರಾಗದಲ್ಲಿ, ಕೆಚ್ಚಲಿಗೆ ಮುಖವಿಟ್ಟು ಹೇಳುತ್ತಿದ್ದರು: "ಕೇಳವ್ವ ಯುಪ್ಪೀಮ್ಯಾ, ನಮ್ ಸೊಸೆ ಬಂಗಾರದಂಥೋಳು. ಬಂಗಾರ್ದಂಗೇ ಬೀರೂನಲ್ಲಿ ಇಡ್ಬೇಕು, ಕೆಲ್ಸಕ್ಕೆ ಹಚ್ಬಾರ್ದು. ನಿನ್ನೆ ಸಾರು ಮಾಡಿದ್ಲು ಕಣವ್ವ, ಗಂಗಾ ತೀರ್ಥ ಇದ್ದಂಗಿತ್ತು, ತಲೆ ಮೇಲೆ ಪ್ರೋಕ್ಷಣೆ ಮಾಡ್ಕೊಂಡೆ. ಅವ್ರಮ್ಮ ಇನ್ನೂ ದೊಡ್ಡೋರು. ಬಂದ್ರೆ ಮನೆ ತುಂಬ್ಕೊಳ್ಳುತ್ತೆ, ಹೋದ್ರೆ ಡಬ್ಬ ತುಂಬ್ಕೊಳ್ಳುತ್ತೆ."

ತವರಿನ ಸುದ್ದಿಗೆ ಬಂದಾಗ ಯಾರು ಸುಮ್ಮನಿರುತ್ತಾರೆ? ಪಕ್ಕದಲ್ಲೇ ನಿಂತಿದ್ದ ನಾನು ಬಾಯಿ ತೆರೆದೆ. ಈಗ ಏಳೂವರೆ ಲೀಟರಿಗೇರಿದ್ದ ಆ ಹಸು ಮೆಲುಕು ನಿಲ್ಲಿಸಿ, ನನ್ನ ಕಡೆ ಕಿವಿ ತಿರುಗಿಸಿ, ಹಿಂಗಾಲನ್ನು ಮೆಲ್ಲಗೆ ಮೇಲೆತ್ತಿತು. ಅತ್ತೆ ಅಷ್ಟೇ ಮೆಲ್ಲಗೆ, "ಹೇಳಮ್ಮಾ, ಏನೋ ಹೇಳೋಕೆ ಬಂದಂಗಿತ್ತು?" ಅಂದರು.

"ಏನಿಲ್ಲ ಅತ್ತೆ" ಎಂದು ಬಾಲ ಹಿಡಿದುಕೊಂಡು ನಿಂತೆ.