ಮುರಿದದ್ದು ನನ್ನ ಕಾಲು, ಯಜಮಾನಿಕೆ ಊರಿನದು

ಕಂಡಕ್ಟರ್ ಕೆಲಸದಲ್ಲಿ ಸಿಟ್ಟು ಬರಿಸುವ ಪ್ರಸಂಗಗಳಿಗೆ ಬರವಿಲ್ಲ. ಯಾದಗಿರಿ, ಶಹಾಪುರ, ಸುರಪುರ ಅಂತ ದಿನಾ ಅದೇ ದಾರಿಯಲ್ಲಿ ಟಿಕೆಟ್ ಕೊಡುತ್ತ ಕಂಡ ಮಂದಿ ಒಬ್ಬರಿಗಿಂತ ಒಬ್ಬರು ಮಿಗಿಲು. ಆದರೆ ಬಲಗಾಲಿನ ಹರಡು, ಅಂದರೆ ಪಾದದ ಮೇಲಿನ ಕೀಲು, ಮುರಿದುಕೊಂಡ ಮೇಲೆ ಒಂದು ಮಾತು ಖಾತ್ರಿಯಾಯಿತು. ಜ್ವರ ಬಂದರೆ ಅದು ನಮ್ಮದು, ಹೊಟ್ಟೆ ನೊಂದರೆ ಅದೂ ನಮ್ಮದೇ. ಕಾಲು ಮುರಿದರೆ ಮಾತ್ರ ಅದು ಊರ ಮಂದಿಯದು.

ಕಾಲು ಮುಂದಾಗಿ ಹುಟ್ಟಿದವರು

ಸುರಪುರ ಬಸ್‌ಸ್ಟ್ಯಾಂಡಿನಲ್ಲಿ ಬಸ್ಸಿನಿಂದ ಇಳಿಯುವಾಗ ಕಾಲು ಹೊರಳಿ ಕುಸಿದುಬಿದ್ದೆ. ದವಾಖಾನೆಗೆ ಒಯ್ಯಿರಿ ಅಂತ ಬಾಯಿ ಬಡಿದುಕೊಂಡರೂ ಒಬ್ಬರೂ ಕಿವಿಗೆ ಹಾಕಿಕೊಳ್ಳಲಿಲ್ಲ.

“ಬೆರಳು ಅಲ್ಲಾಡಸ್ರಿ ಅಕ್ಕೋರೆ,” ಅಂದ ಒಬ್ಬ ಪ್ಯಾಸೆಂಜರ್. ಅಲ್ಲಾಡಿಸಿದೆ. “ಹಾಂ, ಬೆರಳು ಆಡಾಕತ್ತಾವ. ಮುರಿದಿಲ್ಲ, ಉಳುಕ್ಯಾದ.”

ತೀರ್ಪು ಆಗಿಹೋಯಿತು! ಉಳುಕಿದರೆ ನಮ್ಮ ಕಡೆ ಔಷಧಿ ಒಂದೇ. ತಾಯಿಯ ಹೊಟ್ಟೆಯಿಂದ ಕಾಲು ಮುಂದಾಗಿ ಹುಟ್ಟಿದವರು ತಮ್ಮ ಕಾಲಿನಿಂದ ನೀವಬೇಕು. ನಮ್ಮ ಡ್ರೈವರು ನನ್ನನ್ನು ಎತ್ತುವುದು ಬಿಟ್ಟು ಬಸ್ಸಿನೊಳಗೆ ತಲೆ ತೂರಿಸಿ ಕೂಗಿದ: “ಕಾಲು ಮುಂದಾಗಿ ಹುಟ್ಟಿದಾವ್ರು ಯಾರರ ಅದೀರೇನ್ರಿ?”

ಭಾರಿ ಮೈಕಟ್ಟಿನ ಮುದುಕಿಯೊಬ್ಬಳು ಸೆರಗು ಸಿಗಿಸಿಕೊಂಡು ಇಳಿದು ಬಂದಳು.

“ಬ್ಯಾಡವ್ವಾ, ಕೈ ಮುಗೀತೀನಿ,” ಅಂದೆ.

“ಸುಮ್ನ ಕುಂಡ್ರು. ಸೊಂಟ ಹಿಡಿದಾವ್ರನ್ನ ಓಡಾಡೋ ಹಂಗ ಮಾಡೀನಿ,” ಅಂದವಳೇ ಹಿಮ್ಮಡಿ ಇಟ್ಟು ಒತ್ತಿದಳು. ಲಟಕ್ ಅಂದಿತು. ನಾನು ಕಿರುಚಿದ್ದು ಸುರಪುರದ ಗುಡ್ಡ ದಾಟಿರಬೇಕು. ಸುತ್ತ ನಿಂತವರಿಗೋ ಸಂತೋಷ: “ಸಪ್ಪಳ ಬಂತಲ್ಲ, ಕೂಡ್ತು ಬಿಡು!”

ಕಡೆಗೂ ಶಹಾಪುರದ ದವಾಖಾನೆಗೆ ಅಂತ ನನ್ನನ್ನು ಎತ್ತಿ ಬಸ್ಸಿಗೆ ಹಾಕಿದರು. ನೋಡಿದರೆ ನನ್ನ ಕಂಡಕ್ಟರ್ ಸೀಟಿನಲ್ಲಿ ಅದೇ ಮುದುಕಿ! “ನೀ ಆಕಡಿ ಕುಂಡ್ರು ಯವ್ವಾ,” ಅಂದಳು. “ನಿನ್ನ ಕಾಲು ತೀಡಿ ನನ್ನ ಕಾಲು ನೋಯಾಕತ್ತಾದ.”

ಎಮ್ಮೆಯ ಕಾಲು

ಎಕ್ಸ್‌ರೇ ನೋಡಿದ ಡಾಕ್ಟರು ಎಲುಬು ಮುರಿದಿದೆ ಅಂದು ಸಿಮೆಂಟು ಪಟ್ಟಿ ಹಾಕಿದರು. “ದೀಡ ತಿಂಗಳು, ಅಂದ್ರ ನಲವತ್ತೈದು ದಿನ, ನೆಲಕ್ಕ ಕಾಲು ಊರಬ್ಯಾಡ್ರಿ. ನೆಟ್ಟಗ ಕೂಡಲಿಲ್ಲಂದ್ರ ಕುಂಟು ಉಳೀತದ.”

ಕುಂಟುವ ಕಂಡಕ್ಟರನ್ನು ಬಸ್ಸಿಗೆ ಯಾರು ಹತ್ತಿಸುತ್ತಾರೆ? ಆಫೀಸಿನ ಮೂಲೆಯಲ್ಲಿ ಕುರ್ಚಿ ಹಾಕಿ ಕೂಡಿಸಿಬಿಡುತ್ತಾರೆ. ಬೈಯುತ್ತಲೇ ಇರುತ್ತೇನಾದರೂ ನನಗೆ ಆ ಬಸ್ಸು, ಆ ಗದ್ದಲ ಬೇಕು. ಅದಿಲ್ಲದೆ ನಾನಿಲ್ಲ.

ಮನೆಯಲ್ಲಿ ನಮ್ಮ ಅತ್ತೆ ಎಕ್ಸ್‌ರೇಯನ್ನು ಕಿಟಕಿಯ ಬೆಳಕಿಗೆ ತಲೆಕೆಳಗಾಗಿ ಹಿಡಿದರು. “ಕೂದಲೆಳಿ ಹಂಗ ಒಂದು ಗೆರಿ ಅದ. ಇಷ್ಟಕ್ಕ ಮೊಣಕಾಲ ತನಕ ಪಟ್ಟಿ?”

ಪಕ್ಕದ ಮನೆಯಾಕೆ ಸಗರದವಳು. ಅವಳೂ ಕಣ್ಣು ಹಾಯಿಸಿದಳು. “ನಮ್ಮ ತವರಾಗ ಎಮ್ಮಿ ಕಾಲು ಮುರಿದಿತ್ತು. ಬಿದಿರು ದಬ್ಬಿ ಕಟ್ಟಿದ್ವಿ. ಹದಿನೈದು ದಿನಕ್ಕ ಎದ್ದು ಮೇಯಾಕ ಹೋಯ್ತು.”

ನನಗೆ ಮೈಯೆಲ್ಲ ಉರಿಯಿತು. “ನಾ ಏನು ಎಮ್ಮೀನಾ? ಡಾಕ್ಟರು ಹೇಳಿದ್ದು ಸುಳ್ಳಾ? ನೋವು ನನಗ ಗೊತ್ತೋ ನಿಮಗ ಗೊತ್ತೋ?” ಅಂತ ಉಸಿರು ಬಿಡದೆ ಒದರಿದೆ.

ಅವಳು ಅತ್ತೆಯ ಕಡೆ ತಿರುಗಿ ಮೆಲ್ಲಗೆ ಹೇಳಿದಳು: “ಇದಕ್ಕ ನೋಡ್ರಿ, ಎಮ್ಮೀದು ಜಲ್ದಿ ಕೂಡ್ತು. ಅದು ಸುಮ್ಮನ ಬಿದ್ದಿರ್ತಿತ್ತು.”

ಪೂರಾ ರೆಸ್ಟು

ಕಾಲು ಮುರಿದವರನ್ನು ಮಾತಾಡಿಸಲು ಹೋಗದಿದ್ದರೆ ನಮ್ಮಲ್ಲಿ ಸಂಬಂಧವೇ ಕಡಿದುಹೋಗುತ್ತದೆ. ಹಾಗಾಗಿ ಬಂದರು, ಬಂದರು, ಬರುತ್ತಲೇ ಇದ್ದರು. ಕೈಯಲ್ಲಿ ಒಂದು ಬ್ರೆಡ್ಡು, ಬಾಯಲ್ಲಿ ಕಾಲು ಕತ್ತರಿಸಿಕೊಂಡ ಯಾರದೋ ಕಥೆ. ಅವರಿಗೆಲ್ಲ ಚಹಾ ಕಾಸಿ ಕಾಸಿ ಅತ್ತೆ ಹೈರಾಣಾದರು.

ಒಂದು ದಿನ ಕೊಡೇಕಲ್‌ನಿಂದ ಗಂಡನ ಕಾಕಾನ, ಅಂದರೆ ಚಿಕ್ಕಪ್ಪನ, ಮನೆಯವರು ಜೀಪು ತುಂಬಿ ಇಳಿದರು. ಚಹಾಕ್ಕೆ ಮುಗಿಯುವ ಮಂದಿಯಲ್ಲ, ಊಟಕ್ಕೇ ಬಂದವರು. ಅತ್ತೆ ರೊಟ್ಟಿ ಬಡಿದೂ ಬಡಿದೂ ರಟ್ಟೆ ಹಿಡಿದುಕೊಂಡು ಕೂತುಬಿಟ್ಟರು. ಎಲ್ಲರೂ ನನ್ನ ಕಡೆ ನೋಡಿದರು.

“ಕಾಲಿಗೆ ಪೆಟ್ಟಾಗ್ಯಾದ, ಕೈ ಛಲೋ ಅದಾವಲ್ಲ?” ಅಂದಳು ಕಾಕಿ.

ನಾನೂ ಮಾನಕ್ಕೆ ಅಂಜಿದವಳು. ಪಟ್ಟಿ ಹಾಕಿದ ಕಾಲನ್ನು ದಿಂಬಿನ ಮೇಲೆ ಚಾಚಿಕೊಂಡು ಒಲೆಯ ಮುಂದೆ ಕೂತೆ. ನನ್ನ ಮೇಲೆ ಕನಿಕರಪಡಲು ಬಂದವರಿಗೆ ನಾನೇ ರೊಟ್ಟಿ ಬಡಿದೆ. ಕಾಕಾ ಮುಳಗಾಯಿ ಪಲ್ಯ ಬಾಚಿಕೊಳ್ಳುತ್ತ ಕಣ್ಣಲ್ಲಿ ನೀರು ತಂದುಕೊಂಡ.

“ಏನೂ ಕೆಲಸ ಮಾಡಬ್ಯಾಡವ್ವಾ ತಾಯಿ. ಪೂರಾ ರೆಸ್ಟು ತಗೋ. ಇನ್ನೊಂದು ಬಿಸಿ ರೊಟ್ಟಿ ಹಾಕು.”

ಎರಡು ಕಾಲಿನವನು

ಪಟ್ಟಿ ಬಿಚ್ಚಿದರು. ಕೀಲು ಕಟ್ಟಿಗೆಯಾಗಿತ್ತು. ಅಳುತ್ತ, ಬೈಯುತ್ತ, ಗೋಡೆ ಹಿಡಿದು ನಡೆಯುವುದನ್ನು ಮತ್ತೆ ಕಲಿತೆ. ಡ್ಯೂಟಿಗೆ ಹೋಗಲು ಡಾಕ್ಟರು ಹೂಂ ಅಂದರು. ಡಿಪೋದ ಸಾಹೇಬರು ಮಾತ್ರ ತಲೆ ಅಲ್ಲಾಡಿಸಿದರು. “ಇವತ್ತೊಂದು ದಿನ ಹೋಗಿ ಬರ್ರಿ ಮೇಡಂ. ತುಂಬಿದ ಬಸ್ಸಿನ್ಯಾಗ ಓಡಾಡಾಕ ಆಗಲಿಲ್ಲಂದ್ರ ನಾಳಿಂದ ಆಫೀಸು.”

ಯಾದಗಿರಿಯಿಂದ ಹೊರಟ ಬಸ್ಸಿನಲ್ಲಿ ಸಾಸಿವೆ ಹಾಕಿದರೆ ನೆಲಕ್ಕೆ ಬೀಳದಷ್ಟು ಮಂದಿ. ಎದ್ದು ನಿಂತೆನೋ ಇಲ್ಲವೋ, ನಾಲ್ಕು ಕೈ ನನ್ನ ಭುಜ ಹಿಡಿದು ಕೂಡಿಸಿದವು. “ನೀವು ಏಳಬ್ಯಾಡ್ರಿ ಅಕ್ಕೋರೆ, ರೊಕ್ಕ ನಾವೇ ಕೈಲಿಂದ ಕೈಗೆ ದಾಟಸ್ತೀವಿ.” ಮತ್ತೆ ಎದ್ದೆ, ಮತ್ತೆ ಕೂಡಿಸಿದರು.

ತಡೆಯಲಾಗಲಿಲ್ಲ. “ಕೈ ತಗೀರಿ!” ಅಂತ ಚೀರಿದೆ. “ನಿಮ್ಮ ಕನಿಕರಕ್ಕ ಬೆಂಕಿ ಬೀಳ್ಲಿ! ಇವತ್ತು ನಡೀಲಿಲ್ಲಂದ್ರ ನಾಳಿಂದ ನನ್ನ ಬಸ್ಸಿನಿಂದ ಇಳಸ್ತಾರ!”

ಆಮೇಲೆ ಹಿಂದಿನಿಂದ ಯಾರೋ ಅಂದರು: “ಸರೀರೆಪ್ಪಾ, ದಾರಿ ಬಿಡ್ರಿ.” ಹೊಟ್ಟೆ ಒಳಗೆಳೆದುಕೊಂಡರು, ಕೂಸುಗಳನ್ನು ಮೇಲೆತ್ತಿದರು, ಗಂಟು ತಲೆಯ ಮೇಲಿಟ್ಟುಕೊಂಡರು. ಟಿಕೆಟ್ ಕೊಡುತ್ತ, ಒಂದೊಂದೇ ಹೆಜ್ಜೆ ಇಡುತ್ತ ಹೋದೆ. ಅಷ್ಟೂ ಕಣ್ಣು ನನ್ನ ಕಾಲಿನ ಮೇಲೆ. ಹಿಂದಿನ ಸೀಟು ಮುಟ್ಟಿದಾಗ ಅಳು ಬಂತು, ಯಾರಿಗೂ ಕಾಣದಂತೆ ಸೆರಗಿಗೆ ಒರೆಸಿಕೊಂಡೆ.

ಅಷ್ಟರಲ್ಲಿ ಮುಂದಿನಿಂದ ಒಬ್ಬ ಒದರಿದ: “ಏ ಡ್ರೈವರ್, ನಮ್ಮೂರು ಹಿಂದ ಹೋಯ್ತಲ್ಲೋ!” ಡ್ರೈವರು ಅವನೂರಿನಲ್ಲಿ ಬಸ್ಸು ನಿಲ್ಲಿಸುವುದನ್ನೇ ಮರೆತು, ಕನ್ನಡಿಯಲ್ಲಿ ನನ್ನ ನಡಿಗೆ ನೋಡುತ್ತಿದ್ದ.

ನಾನು ಸೀಟಿ ಊದಿ ಬಸ್ಸು ನಿಲ್ಲಿಸಿದೆ. ತಪ್ಪಾಯಿತು ಅನ್ನಬೇಕೆಂದು ಬಾಯಿ ತೆರೆಯುವ ಮೊದಲೇ ಇಡೀ ಬಸ್ಸು ಆ ಪ್ಯಾಸೆಂಜರ್ ಮೇಲೆ ತಿರುಗಿಬಿತ್ತು: “ಕಾಲು ಮುರಿದಾಕಿನೇ ಬಸ್ಸು ತುಂಬ ನಡೆದಾಳ, ಎರಡು ಕಾಲು ಗಟ್ಟಿ ಇದ್ದಾಂವ ನಿನಗೇನು ಧಾಡಿ? ಇಳಿದು ನಡಿ!”